ನೆಟ್ಟಗಾಗದ ಕೈ, ನೆಟ್ಟಗೆ ಹೋಗುವ ಚೆಂಡು

ಪ್ರೀತಿಯ ಗಿರಿ,

ಮೊನ್ನೆ ಶನಿವಾರ ಒಂದು ತಮಾಷೆ ಆಯ್ತು ಮಾರಾಯ. ಆಫೀಸಿನವರು ನಮ್ಮನ್ನೆಲ್ಲ ಊರಾಚೆಯ ಒಂದು ಗಾಲ್ಫ್ ಮೈದಾನಕ್ಕೆ ಕರೆದುಕೊಂಡು ಹೋಗಿದ್ದರು. ಆಟ ಆಡಿಸಲಿಕ್ಕಲ್ಲ, ಸುಮ್ನೆ ಸಾಲಾಗಿ ನಿಂತು ಚೆಂಡು ಹೊಡೆಯಲಿಕ್ಕೆ. ಒಂದು ಬುಟ್ಟಿ ಚೆಂಡು, ಒಂದು ಕೋಲು, ಕಾಲಡಿ ಹಸಿರು ಮ್ಯಾಟು. ಮೊದಲ ಸಲ ಬೀಸಿದಾಗ ಕೋಲು ಮ್ಯಾಟಿಗೆ ಬಡಿದು ಮುಂಗೈ ಝುಮ್ಮೆಂದಿತು. ಚೆಂಡು ಕೂತಲ್ಲೇ ಕೂತಿತ್ತು. ಎರಡನೇ ಸಲ ಅದರ ನೆತ್ತಿ ಸವರಿದೆ, ನಾಲ್ಕು ಮಾರು ಉರುಳಿ ನಿಂತಿತು. ಕಲಿಸುವವರದು ಹಿಂದಿನಿಂದ ಒಂದೇ ಮಂತ್ರ: 'ಎಡಗೈ ನೆಟ್ಟಗೆ ಸಾರ್, ಎಡಗೈ ನೆಟ್ಟಗೆ!'

ಅಷ್ಟು ಕೇಳಿದ್ದೇ ನಿನ್ನ ನೆನಪಾಯ್ತು. ಆರನೇ ಕ್ಲಾಸಿನಲ್ಲಿ ನೀನು ನೇರಳೆ ಮರದಿಂದ ಬಿದ್ದಿದ್ದು. ಬಿದಿರು ದಬ್ಬೆ ಕಟ್ಟಿಸಿಕೊಂಡು ತಿಂಗಳುಗಟ್ಟಲೆ ಓಡಾಡಿದ್ದು. ಕಟ್ಟು ಬಿಚ್ಚಿದ ಮೇಲೂ ಮೊಣಕೈ ಮಡಚಿಕೊಂಡೇ ಉಳಿದಿದ್ದು. ಕೆಳಗೆ ನಿಂತು 'ಇನ್ನೊಂದು ಕೊಂಬೆ ಅಲ್ಲಾಡಿಸೋ' ಅಂತ ಕೂಗಿದ್ದು ನಾನೇ. ಅದನ್ನು ನೀನು ಯಾವತ್ತೂ ಎತ್ತಿ ಆಡಲಿಲ್ಲ, ನಾನೂ ಮರೆತಿಲ್ಲ.

ಮನೆಗೆ ಬಂದು ಕುತೂಹಲಕ್ಕೆ ಹುಡುಕಿದೆ. ಎಡಗೈ ನೆಟ್ಟಗಾಗದವರು ಯಾರಾದರೂ ಗಾಲ್ಫ್ ಆಡಿದ್ದಾರಾ ಅಂತ. ಆಡಿದ್ದಾನೆ ಕಣೋ. ಸಣ್ಣಪುಟ್ಟವನಲ್ಲ, ಅಮೆರಿಕದ ಪಿಜಿಎ ಟೂರ್‌ನಲ್ಲಿ, ಅಂದರೆ ಅಲ್ಲಿನ ವೃತ್ತಿಪರ ಗಾಲ್ಫರ್‌ಗಳ ಟೂರ್ನಿ ಸರಣಿಯಲ್ಲಿ, 12 ಟೂರ್ನಿ ಗೆದ್ದವನು. ಕ್ಯಾಲ್ವಿನ್ ಪೀಟ್. ಅವನೂ ಹುಡುಗನಾಗಿದ್ದಾಗ ಮರದಿಂದಲೇ ಬಿದ್ದಿದ್ದು! ಅದು ಚೆರ್ರಿ ಮರ ಅನ್ನುವುದೊಂದೇ ವ್ಯತ್ಯಾಸ. ಎಡ ಮೊಣಕೈ ಮೂರು ಕಡೆ ಮುರಿಯಿತಂತೆ. ಆಮೇಲೆ ಅದು ಪೂರ್ತಿ ನೆಟ್ಟಗಾಗಲೇ ಇಲ್ಲ.

ಅವನ ಕತೆ ಗಾಲ್ಫ್ ಆಡುವವರ ಕತೆಯ ಹಾಗೇ ಇಲ್ಲ. ಹುಟ್ಟಿದ್ದು 1943ರಲ್ಲಿ, ಡೆಟ್ರಾಯಿಟ್‌ನಲ್ಲಿ. ಕರಿಯರ ಕುಟುಂಬ. ಅಪ್ಪ-ಅಮ್ಮ ಬೇರೆಯಾದ ಮೇಲೆ ಸ್ವಲ್ಪ ಕಾಲ ಮಿಸ್ಸೌರಿಯಲ್ಲಿ ಅಜ್ಜಿಯ ಮನೆ, ಆಮೇಲೆ ಫ್ಲಾರಿಡಾದ ಪಹೋಕಿ ಅನ್ನುವ ಊರಲ್ಲಿ ಅಪ್ಪನ ಮನೆ. ಅಪ್ಪನ ಎರಡು ಸಂಸಾರದ ಮಕ್ಕಳನ್ನೂ ಸೇರಿಸಿದರೆ ಒಟ್ಟು 19 ಜನ. ಎಂಟನೇ ಕ್ಲಾಸಿಗೆ ಶಾಲೆ ಬಿಟ್ಟ. ಹೊಲದಲ್ಲಿ ಬೀನ್ಸ್, ಮೆಕ್ಕೆಜೋಳ ಕೀಳುವ ಕೂಲಿ. ಸ್ವಲ್ಪ ದೊಡ್ಡವನಾದ ಮೇಲೆ ಕೂಲಿ ಬಿಟ್ಟು ಕೂಲಿಯವರಿಗೇ ಸಾಮಾನು ಮಾರಲು ಶುರು ಮಾಡಿದ. ಸ್ಟೇಷನ್ ವ್ಯಾಗನ್ ಗಾಡಿಯ ತುಂಬ ಬಟ್ಟೆ, ಒಡವೆ. ಬೆಳೆ ಕಟಾವಿಗೆ ಕೂಲಿಯವರು ಫ್ಲಾರಿಡಾದಿಂದ ಉತ್ತರಕ್ಕೆ ನ್ಯೂಯಾರ್ಕ್ ರಾಜ್ಯದ ತನಕ ಹೋಗುತ್ತಾರಲ್ಲ, ಅವರ ಹಿಂದೆಯೇ ಇವನ ಗಾಡಿ. ಮುಂದಿನ ಹಲ್ಲುಗಳಿಗೆ ಎರಡು ವಜ್ರದ ಹರಳು ಬೇರೆ ಕೂರಿಸಿಕೊಂಡಿದ್ದ. ಅವನ ಬಗ್ಗೆ ಬರೆದವರೆಲ್ಲ ಈ ವಜ್ರದಿಂದಲೇ ಶುರು ಮಾಡುತ್ತಾರೆ. ನನಗೆ ಆ ಗಾಡಿಯೇ ಜಾಸ್ತಿ ಹಿಡಿಸಿತು. ನಮ್ಮ ಕಡೆ ಅಡಿಕೆ ಕೊಯ್ಲಿನ ಹೊತ್ತಿಗೆ ತಲೆ ಮೇಲೆ ಸೀರೆ ಗಂಟು ಹೊತ್ತು ಬರುತ್ತಿದ್ದವರು ನೆನಪಿದ್ದಾರಲ್ಲ, ಹಾಗೆ.

ಗಾಲ್ಫ್ ಕೋಲು ಮುಟ್ಟಿದ್ದು 23ನೇ ವಯಸ್ಸಿಗೆ, 1966ರಲ್ಲಿ. ಅದೂ ಮೋಸ ಹೋಗಿ! ವ್ಯಾಪಾರಕ್ಕೆ ನ್ಯೂಯಾರ್ಕ್ ರಾಜ್ಯದ ರೊಚೆಸ್ಟರ್‌ಗೆ ಹೋಗಿದ್ದಾಗ ಗೆಳೆಯರು ಊಟದ ಪಾರ್ಟಿಗೆ ಬಾ ಅಂತ ಕರೆದರು. ಕಾರು ಹೋಗಿ ನಿಂತಿದ್ದು ಗಾಲ್ಫ್ ಮೈದಾನದಲ್ಲಿ. ವಾಪಸ್ ಹೋಗಲು ಬೇರೆ ಗಾಡಿ ಇರಲಿಲ್ಲ, ಆಡಿದ. ಅಲ್ಲಿಯವರೆಗೆ ಅವನ ಕಣ್ಣಿಗೆ ಅದು ಕೆಲಸವಿಲ್ಲದವರ ಆಟ. ಆಮೇಲೆ ಆ ಕಾಲದ ದೊಡ್ಡ ಗಾಲ್ಫ್ ಆಟಗಾರ ಜಾಕ್ ನಿಕ್ಲಾಸ್ ಅದೇ ಆಟದಲ್ಲಿ ವರ್ಷಕ್ಕೆ ಎಷ್ಟು ದುಡಿಯುತ್ತಾನೆ ಅನ್ನುವುದು ಕಿವಿಗೆ ಬಿತ್ತು. ವ್ಯಾಪಾರಿ ಅಲ್ವಾ, ಲೆಕ್ಕ ಹಾಕಿರಬೇಕು.

ಕಲಿಸುವವರಿಲ್ಲ. ಬೇಸ್‌ಬಾಲ್ ಮೈದಾನದಲ್ಲಿ ಒಬ್ಬನೇ ಚೆಂಡು ಹೊಡೆಯುತ್ತಿದ್ದ. ಪುಸ್ತಕ ಓದಿದ. ತಾನು ಕೋಲು ಬೀಸುವುದರ ಚಿತ್ರ ತೆಗೆಸಿ ತಾನೇ ನೋಡಿಕೊಂಡ. ಮೈದಾನದ 18 ಹೋಲ್‌ಗೆ, ಅಂದರೆ ಕುಳಿಗಳಿಗೆ, ಒಂದೊಂದಾಗಿ ಚೆಂಡು ಹಾಕಬೇಕು, ಹೊಡೆತ ಕಮ್ಮಿ ಆದಷ್ಟೂ ಒಳ್ಳೆಯದು. ಆರು ತಿಂಗಳಲ್ಲಿ ಅವನು ಅದನ್ನು 80 ಹೊಡೆತದೊಳಗೆ ಮುಗಿಸುವ ಹಾಗಾದ. ನನ್ನ ಆಫೀಸಿನಲ್ಲಿ ಹತ್ತು ವರ್ಷದಿಂದ ಆಡುವ ಒಬ್ಬರಿದ್ದಾರೆ. ಇದನ್ನು ಹೇಳಿದರೆ ನಂಬಲಿಲ್ಲ.

1971ರಲ್ಲಿ ವೃತ್ತಿಗೆ ಇಳಿದ. ಟೂರ್‌ಗೆ ಅರ್ಹತೆ ಸಿಕ್ಕಿದ್ದು ಮೂರನೇ ಪ್ರಯತ್ನಕ್ಕೆ, 1975ರಲ್ಲಿ. ಒಂದು ಮಾತು ಇಲ್ಲಿ ಹೇಳಲೇಬೇಕು. ಬಿಳಿಯರು ಮಾತ್ರ ಸದಸ್ಯರಾಗಬಹುದು ಅನ್ನುವ ನಿಯಮವನ್ನು ಅಮೆರಿಕದ ವೃತ್ತಿಪರ ಗಾಲ್ಫರ್‌ಗಳ ಸಂಘ ಪಿಜಿಎ ತೆಗೆದುಹಾಕಿದ್ದೇ 1961ರಲ್ಲಿ. ಗಾಲ್ಫಿನ ದೊಡ್ಡ ಟೂರ್ನಿಗಳಲ್ಲೊಂದಾದ ಅಗಸ್ಟಾದ ಮಾಸ್ಟರ್ಸ್‌ನಲ್ಲಿ ಮೊದಲ ಕರಿಯ ಆಟಗಾರ ಲೀ ಎಲ್ಡರ್ ಆಡಿದ್ದು 1975ರಲ್ಲಿ. ಪೀಟ್ ಒಳಗೆ ಬಂದಾಗ ಬಾಗಿಲು ಈಗಷ್ಟೇ ತೆರೆದಿತ್ತು, ಅದೂ ಅರ್ಧ.

ಮೊದಲ ವರ್ಷಗಳಲ್ಲಿ ಏನೂ ಗಿಟ್ಟಲಿಲ್ಲ. 1979ರಲ್ಲಿ ಮಿಲ್ವಾಕಿಯಲ್ಲಿ ಒಂದು ಗೆದ್ದ. ಮತ್ತೆ ಎರಡು ವರ್ಷ ಖಾಲಿ. ಆಮೇಲೆ 1982ರಲ್ಲಿ ಒಂದೇ ವರ್ಷಕ್ಕೆ ನಾಲ್ಕು! ಆ ವರ್ಷದಿಂದ 1986ರ ತನಕ ಒಟ್ಟು 11. ಉಳಿದವರು ಮಾಗಿ ಇಳಿಯುವ ವಯಸ್ಸಿನಲ್ಲಿ ಇವನ ಫಸಲು.

ಈಗ ಕೈ ವಿಷಯಕ್ಕೆ ಬರುತ್ತೇನೆ, ಕಾಗದ ಬರೆಯಲು ಕೂತಿದ್ದೇ ಅದಕ್ಕೆ. ಟೀ ಅನ್ನುವ ಸಣ್ಣ ಗೂಟದ ಮೇಲೆ ಚೆಂಡಿಟ್ಟು ಮೊದಲು ದೂರಕ್ಕೆ ಹೊಡೆಯುತ್ತಾರಲ್ಲ, ಅದು ಬೀಳಬೇಕಾದ್ದು ಹುಲ್ಲು ಕತ್ತರಿಸಿದ ನಡುದಾರಿಗೆ. ಅದೇ ಫೇರ್‌ವೇ. ಆಚೀಚೆ ಬಿದ್ದರೆ ಉದ್ದ ಹುಲ್ಲು, ಮರ, ಮರಳು. ನಡುದಾರಿಗೆ ಎಷ್ಟು ಸಲ ಬೀಳಿಸಿದೆ ಅನ್ನುವುದಕ್ಕೊಂದು ಲೆಕ್ಕ ಇಡುತ್ತಾರೆ. ಆ ಲೆಕ್ಕದಲ್ಲಿ ಪೀಟ್ 1981ರಿಂದ 1990ರ ತನಕ, ಸತತ ಹತ್ತು ವರ್ಷ, ಇಡೀ ಟೂರ್‌ಗೆ ಮೊದಲಿಗ. ಒಂದು ವರ್ಷವಂತೂ ನೂರಕ್ಕೆ 84ಕ್ಕೂ ಜಾಸ್ತಿ. ದೂರದ ಲೆಕ್ಕದಲ್ಲಿ ಮಾತ್ರ ಹಿಂದಿನ ಬೆಂಚಿನವನು. ಅವನ ಚೆಂಡು ಜಾಸ್ತಿ ದೂರ ಹೋಗುತ್ತಿರಲಿಲ್ಲ, ಹೋದಷ್ಟು ನೆಟ್ಟಗೆ ಹೋಗುತ್ತಿತ್ತು.

ಅವನ ಬಗ್ಗೆ ಬರೆದವರು 'ಕೈ ಸೊಟ್ಟ ಇದ್ದರೂ ಗೆದ್ದ' ಅನ್ನುತ್ತಾರೆ. ನನಗೆ ಆ 'ಇದ್ದರೂ' ಸರಿ ಕಾಣಲಿಲ್ಲ. ಯೋಚನೆ ಮಾಡು. ಎಡಗೈ ನೆಟ್ಟಗಿರಲಿ ಅನ್ನುವುದು ಯಾಕೆ? ಕೋಲು ಮೇಲೆ ಹೋಗಿ ಕೆಳಗೆ ಬರುವಾಗ ಭುಜದಿಂದ ಚೆಂಡಿಗಿರುವ ಅಳತೆ ಬದಲಾಗಬಾರದು ಅಂತ. ನನ್ನ ಕೈ ಒಂದು ಸಲ ಇಷ್ಟು ಮಡಚುತ್ತದೆ, ಇನ್ನೊಂದು ಸಲ ಅಷ್ಟು. ಅದಕ್ಕೇ ಒಮ್ಮೆ ಮ್ಯಾಟು, ಒಮ್ಮೆ ನೆತ್ತಿ. ಪೀಟ್‌ನ ಕೈ ಒಂದು ಮಟ್ಟಕ್ಕಿಂತ ನೆಟ್ಟಗೆ ಆಗುವುದೇ ಇಲ್ಲ. ಅವನ ಅಳತೆ ಗಿಡ್ಡ, ಆದರೆ ಪ್ರತಿ ಸಲವೂ ಅದೇ ಅಳತೆ. ದೊಡ್ಡದಾಗಿ ಬೀಸುವ ಆಸೆಗೂ ಅಲ್ಲೇ ಕಡಿವಾಣ. ಇದು ನನ್ನ ಲೆಕ್ಕ, ಒಂದು ಬುಟ್ಟಿ ಚೆಂಡು ಹೊಡೆದವನ ಲೆಕ್ಕ. ನಗಬೇಡ.

ರೈಡರ್ ಕಪ್ ಪ್ರಸಂಗ ಕೇಳು. ಅಮೆರಿಕದ ತಂಡ ಯುರೋಪಿನ ಎದುರು ಆಡುವ ಪಂದ್ಯ ಅದು. ಆಗ ತಂಡಕ್ಕೆ ಸೇರಲು ಪಿಜಿಎ ಸದಸ್ಯತ್ವ ಬೇಕಿತ್ತು, ಸದಸ್ಯತ್ವಕ್ಕೆ ಹೈಸ್ಕೂಲ್ ಪಾಸಾಗಿರಬೇಕಿತ್ತು. ಇವನೋ ಎಂಟನೇ ಕ್ಲಾಸು. ನಾಲ್ಕು ಟೂರ್ನಿ ಗೆದ್ದ ಅದೇ 1982ರಲ್ಲಿ ಅವನು ಪರೀಕ್ಷೆಗೂ ಕೂತ. ಹೆಂಡತಿ ಟೀಚರ್, ಅವಳೇ ಪಾಠ ಹೇಳಿಕೊಟ್ಟಳು. ಪಾಸಾದ. 1983ರಲ್ಲೂ 1985ರಲ್ಲೂ ದೇಶಕ್ಕೆ ಆಡಿದ. ಇಡೀ ದೇಶದಲ್ಲೇ ನೆಟ್ಟಗೆ ಹೊಡೆಯುವವನಿಗೆ ಮಾರ್ಕ್ಸ್ ಕಾರ್ಡ್ ತೋರಿಸು ಅಂದರಲ್ಲ!

ಅವನ ದೊಡ್ಡ ಗೆಲುವು 1985ರ ಪ್ಲೇಯರ್ಸ್ ಚಾಂಪಿಯನ್‌ಷಿಪ್, ಫ್ಲಾರಿಡಾದ ಸಾಗ್ರಾಸ್ ಮೈದಾನದಲ್ಲಿ. ಅಲ್ಲಿನ 17ನೇ ಹೋಲ್ ಎಂಥವರನ್ನೂ ನಡುಗಿಸುತ್ತದೆ. ಸುತ್ತ ನೀರು, ನಡುವೆ ತಟ್ಟೆ ಇಟ್ಟ ಹಾಗೆ ಗ್ರೀನ್, ಅಂದರೆ ಕುಳಿ ಇರುವ ನುಣುಪು ಹುಲ್ಲಿನ ಜಾಗ. ಸ್ವಲ್ಪ ಹೆಚ್ಚು ಕಮ್ಮಿ ಆದರೆ ಚೆಂಡು ನೀರಿಗೆ. ಕೊನೆಯ ದಿನ ಪೀಟ್ ಅಲ್ಲಿ ಚೆಂಡನ್ನು ಹೋಲ್‌ನ ಹತ್ತಿರಕ್ಕೇ ಇಳಿಸಿ ಬರ್ಡಿ ಮಾಡಿದ, ಅಂದರೆ ನಿಗದಿಗಿಂತ ಒಂದು ಹೊಡೆತ ಕಮ್ಮಿಯಲ್ಲಿ ಮುಗಿಸಿದ. ಆ ದಿನ 66 ಹೊಡೆತ, ಮೂರರ ಅಂತರದಲ್ಲಿ ಗೆಲುವು, 1,62,000 ಡಾಲರ್ ಬಹುಮಾನ. ಬೀನ್ಸ್ ಕೀಳುತ್ತಿದ್ದ ರಾಜ್ಯದಲ್ಲೇ.

ಎಲ್ಲ ಕಡೆ ಹೀಗೇ ಆಯಿತು ಅಂತಲ್ಲ. ಮೇಜರ್ ಅನ್ನುವ ನಾಲ್ಕು ಅತಿ ದೊಡ್ಡ ಟೂರ್ನಿಗಳಲ್ಲಿ ಒಂದನ್ನೂ ಗೆಲ್ಲಲಿಲ್ಲ. 1983ರ ಮಾಸ್ಟರ್ಸ್‌ನಲ್ಲಿ ಮೂರನೇ ದಿನ 87 ಹೊಡೆದ. ಅಷ್ಟು ಹೊಡೆತ ಅಂದರೆ ಆ ಮಟ್ಟದಲ್ಲಿ ಮರ್ಯಾದೆ ಹೋದ ಹಾಗೆ. ಆಮೇಲೆ ಬೆನ್ನು ಕೈಕೊಟ್ಟಿತು. ವಯಸ್ಸಾದ ಮೇಲೆ ಗೊತ್ತಾಯಿತು, ಟುರೆಟ್ ಅನ್ನುವ ಕಾಯಿಲೆ ಅಂತ. ನಮ್ಮ ಹಿಡಿತವಿಲ್ಲದೆ ಮುಖ, ಕೈಕಾಲು ತಟ್ಟನೆ ಆಡುವ, ಬಾಯಿಂದ ಸದ್ದು ಹೊರಡುವ ಕಾಯಿಲೆ ಅದು. ಕೊನೆಗಾಲದಲ್ಲಿ ಮಕ್ಕಳಿಗೆ ಗಾಲ್ಫ್ ಕಲಿಸುತ್ತಿದ್ದ. 2015ರ ಏಪ್ರಿಲ್‌ನಲ್ಲಿ ಅಟ್ಲಾಂಟಾದಲ್ಲಿ ಹೋಗಿಬಿಟ್ಟ, 71 ವರ್ಷ. ಟೈಗರ್ ವುಡ್ಸ್ ಬರುವ ತನಕ ಟೂರ್‌ನಲ್ಲಿ ಇವನಷ್ಟು ಗೆದ್ದ ಕರಿಯ ಆಟಗಾರ ಇನ್ನೊಬ್ಬನಿರಲಿಲ್ಲ. ಹಲ್ಲಿನ ವಜ್ರಗಳನ್ನು ಎಂದೋ ತೆಗೆಸಿಬಿಟ್ಟಿದ್ದನಂತೆ.

ಕೊಯ್ಲು ಮುಗಿಸಿ ಬೆಂಗಳೂರಿಗೆ ಬರುತ್ತೇನೆ ಅಂದಿದ್ದೆಯಲ್ಲ, ಬಾ. ಶನಿವಾರ ಸೇರುವ ಹಾಗೆ ಬಾ. ಅದೇ ಮೈದಾನಕ್ಕೆ ಹೋಗೋಣ, ಬುಟ್ಟಿಯ ದುಡ್ಡು ನನ್ನದು. ನೀನು ಮಡಚಿದ ಕೈಯಲ್ಲಿ ಕೋಲು ಹಿಡಿದು ನಿಂತಾಗ ಆ ಕಲಿಸುವವರು ಏನನ್ನುತ್ತಾರೋ ನೋಡಬೇಕು. ಬರುವಾಗ ಅಮ್ಮನ ಹತ್ತಿರ ಮಾವಿನ ಮಿಡಿ ಉಪ್ಪಿನಕಾಯಿ ಕೇಳಿ ತಾ. ಮತ್ತೆ ಮುಂಗೈಗೆ ಹಚ್ಚಲು ನಿಮ್ಮ ಮನೆಯ ಆ ಎಣ್ಣೆ ಇದ್ದರೆ ಅದೂ ಸ್ವಲ್ಪ. ಇನ್ನೂ ನೋಯುತ್ತಿದೆ.

ಇಂತಿ ನಿನ್ನ,
ರಾಘು