ಶಾಸಕರೇ, ಲೇಟು ಯಾರದ್ದು?

ಬೆಂಗಳೂರಿನ ನಮ್ಮ ಕ್ಷೇತ್ರದ ಶಾಸಕರಿಗೆ ನಮಸ್ಕಾರ.

ಸರ್, ಬೀದಿ ತುದೀಲಿ ತಗಡಿನ ಶೀಟು ಎದ್ದು ಒಳಗಡೆ ಜೆಸಿಬಿ ಸದ್ದು ಶುರುವಾದ್ಮೇಲೇನೇ ಅಲ್ಲೇನೋ ಕಟ್ತಿದಾರೆ ಅಂತ ನಮ್ಗೆ ಗೊತ್ತಾಗೋದು, ಅಷ್ಟೊತ್ತಿಗೆ ಲೈಸೆನ್ಸ್ ಕೊಟ್ಟು ತಿಂಗಳುಗಟ್ಲೆ ಆಗಿರುತ್ತೆ. ಎಷ್ಟು ಫ್ಲೋರಿಗೆ ಪ್ಲಾನ್ ಪಾಸಾಗಿದೆ, ಸೆಟ್‌ಬ್ಯಾಕ್ ಅಂದ್ರೆ ಕಟ್ಟಡದ ಸುತ್ತ ಖಾಲಿ ಜಾಗ ಎಷ್ಟು ಬಿಡ್ಬೇಕು ಅಂತ ಪಾಲಿಕೆ ಆಫೀಸಲ್ಲಿ ಕೇಳಿದ್ರೆ ಆರ್‌ಟಿಐ ಹಾಕಿ ಅಂತಾರೆ. ಅದಕ್ಕೆ 30 ದಿನ, ಉತ್ತರ ಬರ್ಲಿಲ್ಲ ಅಂದ್ರೆ ಮೊದಲ್ನೇ ಅಪೀಲು, ಮತ್ತೆ 30ರಿಂದ 45 ದಿನ, ಅಷ್ಟರಲ್ಲಿ ಅಲ್ಲಿ ಮೂರನೇ ಮೋಲ್ಡು ಬಿದ್ದಿರುತ್ತೆ.

ಆಮೇಲೆ ಹೈಕೋರ್ಟಿಗೆ ಹೋದ್ರೆ, ಇಷ್ಟು ದಿನ ಏನ್ ಮಾಡ್ತಿದ್ರಿ ಅನ್ನೋ ಪ್ರಶ್ನೆ! ರಿಟ್, ಅಂದ್ರೆ ಅಧಿಕಾರಿಗಳು ಮಾಡಿದ್ದನ್ನ ಪ್ರಶ್ನಿಸೋ ಅರ್ಜಿ, ಹಾಕೋಕೆ ಇಂತಿಷ್ಟೇ ದಿನ ಅಂತ ಗಡುವಿಲ್ಲ, ಆದ್ರೆ ಸರಿಯಾದ ಕಾರಣ ಕೊಡದೆ ತಡ ಮಾಡಿದ್ರೆ ಕೇಸೇ ಬಿದ್ದೋಗ್ಬಹುದು. ಕೋರಮಂಗಲದಲ್ಲಿ ಒಂದು ಟ್ರಸ್ಟಿಗೆ ಕೊಟ್ಟಿದ್ದ ಕಟ್ಟಡದ ಲೈಸೆನ್ಸ್ ವಿರುದ್ಧ ಅಲ್ಲಿನ ನಿವಾಸಿಗಳು ಹೋರಾಡಿದ್ರಲ್ಲ, 2005ರಲ್ಲಿ ಸುಪ್ರೀಂ ಕೋರ್ಟ್ ಈ ತಡಾನೂ ಎತ್ತಿ ತೋರಿಸಿ ಅವರ ವಿರುದ್ಧ ತೀರ್ಪು ಕೊಡ್ತು. ಆ ಮಾತು ಪೂರ್ತಿ ತಪ್ಪು ಅಂತ ನಾನೂ ಹೇಳಲ್ಲ, ಲೈಸೆನ್ಸ್ ನಂಬಿ ಲೋನ್ ಮಾಡಿ ಫ್ಲಾಟ್ ತಗೊಂಡೋರು ಎಲ್ಲಿಗೆ ಹೋಗ್ಬೇಕು? ನಮ್ಮೋರೂ ಕಮ್ಮಿ ಇಲ್ಲ ಬಿಡಿ, ವಾಟ್ಸಾಪಲ್ಲಿ ವಾರಗಟ್ಲೆ ಕೂಗಾಡ್ತಾರೆ, ಲಾಯರ್ ಫೀಸಿಗೆ ದುಡ್ಡು ಹಾಕಿ ಅಂದ ತಕ್ಷಣ ಗ್ರೂಪೇ ಸೈಲೆಂಟ್.

20,000 ಚದರ ಮೀಟರ್ ದಾಟಿದ ಪ್ರಾಜೆಕ್ಟ್ ಆದ್ರೆ ಪರಿಸರ ಅನುಮತಿ ಬೇಕು, ಅದನ್ನ ಪರಿಸರದ ಕೇಸು ನೋಡೋ ರಾಷ್ಟ್ರೀಯ ಹಸಿರು ನ್ಯಾಯಮಂಡಳೀಲಿ ಪ್ರಶ್ನಿಸೋಕೆ 30 ದಿನ, ಸರಿಯಾದ ಕಾರಣ ಇದ್ರೆ ಇನ್ನೊಂದು 60, ಅಲ್ಲಿಗೆ ಮುಗೀತು, 91ನೇ ದಿನ ಏನ್ ಕಾರಣ ಹೇಳಿದ್ರೂ ಕೇಳಲ್ಲ. ಅನುಮತಿ ಸಿಕ್ಕಿದ್ದನ್ನ ಪೇಪರಲ್ಲಿ ಹಾಕಿಸ್ಬೇಕು, ಸ್ಥಳೀಯ ಸಂಸ್ಥೆ ಕಚೇರೀಲಿ 30 ದಿನ ಪ್ರದರ್ಶಿಸ್ಬೇಕು ಅಂತ ರೂಲ್ಸ್ ಇದೆ. ನಮ್ಮ ಪಾಲಿಕೆ ಆಫೀಸಿನ ನೋಟಿಸ್ ಬೋರ್ಡಲ್ಲಿ ಅಂಥದ್ದೊಂದು ಕಾಗದ ನಾನಂತೂ ಕಂಡಿಲ್ಲ.

ನಾವು ಲೇಟಾದ್ರೆ ಕಾರಣ ಕೊಡ್ಬೇಕು, ಸರಿ. ಲೈಸೆನ್ಸ್ ಕೊಟ್ಟೋರು ನಮ್ಗೆ ತಿಳಿಸೋಕೆ ಲೇಟ್ ಮಾಡಿದ್ರೆ ಕಾರಣ ಯಾರು ಕೇಳ್ತಾರೆ? 2024ರ ಡಿಸೆಂಬರ್ 17ರಂದು ಸುಪ್ರೀಂ ಕೋರ್ಟೇ ಹೇಳಿದೆ, ಕಟ್ಟಡ ಮುಗಿಯೋವರೆಗೂ ಮಂಜೂರಾದ ಪ್ಲಾನ್ ಸೈಟಲ್ಲಿ ಹಾಕಿರ್ಬೇಕು, ಅಧಿಕಾರಿಗಳು ಆಗಾಗ ಹೋಗಿ ಚೆಕ್ ಮಾಡ್ಬೇಕು ಅಂತ. ಅನುಮತಿ ಇಲ್ಲದೆ ಕಟ್ಟಿದ್ದು ಬರೀ ವರ್ಷ ಕಳೀತು, ದುಡ್ಡು ಸುರಿದಾಯ್ತು ಅಂತ ಸಕ್ರಮ ಆಗಲ್ಲ ಅಂತಾನೂ ಅದೇ ತೀರ್ಪಲ್ಲಿದೆ. ಅನುಮತಿ ಇದೆಯೋ ಇಲ್ವೋ ಅಂತ ತಿಳ್ಕೊಳೋಕಾದ್ರೂ ಬೋರ್ಡ್ ಬೇಕಲ್ಲ ಸರ್.

ಮುಂದಿನ ಅಧಿವೇಶನದಲ್ಲಿ ಒಂದೇ ಒಂದು ಚುಕ್ಕೆ ಗುರುತಿನ ಪ್ರಶ್ನೆ (ಮಂತ್ರಿಗಳು ಸದನದಲ್ಲೇ ಉತ್ತರ ಹೇಳ್ಬೇಕಾದ್ದು) ಹಾಕಿ: ನಮ್ಮ ಕ್ಷೇತ್ರದಲ್ಲಿ ಈಗ ಎಷ್ಟು ಕಟ್ಟಡಗಳಿಗೆ ಲೈಸೆನ್ಸ್ ಇದೆ, ಅದರಲ್ಲಿ ಎಷ್ಟು ಕಡೆ ಪ್ಲಾನ್, ಲೈಸೆನ್ಸ್ ಕೊಟ್ಟ ತಾರೀಖು ಎರಡೂ ಕನ್ನಡದಲ್ಲಿ, ರಸ್ತೇಲಿ ಹೋಗೋರಿಗೆ ಕಾಣೋ ಹಾಗೆ ಹಾಕಿದಾರೆ? ಉತ್ತರ ಬಂದ ದಿನ ನಮ್ಗೂ ಒಂದು ಕಾಪಿ ಕಳ್ಸಿ.

ಇಂತಿ,
ನಿಮ್ಮ ಕ್ಷೇತ್ರದ ಒಬ್ಬ ಮತದಾರ