ಜ್ಯೇಷ್ಠಮಧುವಿನ ವಿಷಯವಾಗಿ ಅಪ್ಪನಿಗೆ

ತೀರ್ಥರೂಪರಾದ ಅಪ್ಪನವರಿಗೆ ಸಾಷ್ಟಾಂಗ ನಮಸ್ಕಾರಗಳು.

ಇಲ್ಲಿ ನಾವೆಲ್ಲರೂ ಕ್ಷೇಮ. ಭಾನುವಾರ ವಿಡಿಯೊ ಕರೆಯಲ್ಲಿ ನೀವು ಕಾಲುಚೀಲ ಬಿಚ್ಚಿದಾಗ, ಅದರ ಅಂಚಿನ ಗೆರೆ ಕಣಕಾಲಿನ ಮೇಲೆ ಆಳವಾಗಿ ಅಚ್ಚೊತ್ತಿದ್ದನ್ನು ಕಂಡೆ. ಗುಳಿಗೆ ತಪ್ಪಿಸದಿದ್ದರೂ ರಕ್ತದೊತ್ತಡ ಏರುತ್ತಿದೆ ಎಂದೂ, ಎರಡು ತಿಂಗಳಿಂದ ಕೆಮ್ಮಿಗೆಂದು ದಿನವೂ ಜ್ಯೇಷ್ಠಮಧುವಿನ ಕಷಾಯ ಕುಡಿಯುತ್ತಿದ್ದೀರೆಂದೂ ಅಮ್ಮ ಹೇಳಿದರು. ಇವೆಲ್ಲಕ್ಕೂ ನಂಟಿರಬಹುದೆಂಬ ಆತಂಕದಿಂದಲೇ ಈ ಪತ್ರ ಬರೆಯುತ್ತಿದ್ದೇನೆ.

ಜ್ಯೇಷ್ಠಮಧುವನ್ನು ನಾನು ಹಗುರವಾಗಿ ಕಾಣುತ್ತಿಲ್ಲ. ನಾರುನಾರಾದ ಆ ಹಳದಿ ಬೇರನ್ನು ಅಗಿದಾಗ ಗಂಟಲಿಗೆ ಸಿಗುವ ಹಿತ ನನಗೂ ಗೊತ್ತು. ನೆದರ್ಲ್ಯಾಂಡ್ಸ್‌ನ ವೈದ್ಯ ರೆವರ್ಸ್, ಹೊಟ್ಟೆಹುಣ್ಣಿನ ರೋಗಿಗಳಿಗೆ ಇದರಿಂದ ಗುಣ ಕಂಡುದನ್ನು 1946ರಲ್ಲಿ ವರದಿ ಮಾಡಿದರು. ಆದರೆ ಅದೇ ರೋಗಿಗಳಲ್ಲಿ ಕೆಲವರಿಗೆ ಮೈಯಲ್ಲಿ ಬಾವು ಬಂದುದನ್ನೂ ಅವರೇ ಗಮನಿಸಿದರು.

ಬೇರಿಗೆ ಸಿಹಿ ಕೊಡುವ ಗ್ಲಿಸಿರೈಜಿನ್ ಎಂಬ ಅಂಶವೇ ಇದಕ್ಕೆ ಕಾರಣ. ನಮ್ಮ ಮೂತ್ರಪಿಂಡದಲ್ಲಿ ಕಾರ್ಟಿಸಾಲ್ ಹಾರ್ಮೋನನ್ನು ನಿಷ್ಕ್ರಿಯಗೊಳಿಸುವ ಕಿಣ್ವವೊಂದಿದೆ. ಗ್ಲಿಸಿರೈಜಿನ್ ದೇಹದಲ್ಲಿ ರೂಪಾಂತರಗೊಂಡು ಆ ಕಿಣ್ವವನ್ನು ತಡೆದುಬಿಡುತ್ತದೆ. ಆಗ ಕಾರ್ಟಿಸಾಲ್, ಆಲ್ಡೊಸ್ಟೆರಾನ್ ಎಂಬ ಇನ್ನೊಂದು ಹಾರ್ಮೋನು ಮಾಡಬೇಕಾದ ಕೆಲಸಕ್ಕೆ ತಾನೇ ಇಳಿದು, ಉಪ್ಪನ್ನೂ ನೀರನ್ನೂ ದೇಹದಲ್ಲಿ ಉಳಿಸಿ ಪೊಟ್ಯಾಸಿಯಂ ಅನ್ನು ಹೊರಹಾಕಿಸುತ್ತದೆ. ಒತ್ತಡ ಏರುವುದೂ ಕಾಲು ಊದುವುದೂ ಹೀಗೆಯೇ. ಪೊಟ್ಯಾಸಿಯಂ ತೀರಾ ಇಳಿದರೆ ಸ್ನಾಯುಗಳು ಸೋಲುತ್ತವೆ, ಹೃದಯದ ಬಡಿತವೂ ತಪ್ಪುತ್ತದೆ. ರಕ್ತದೊತ್ತಡಕ್ಕೆಂದು ಕೊಡುವ, ಮೂತ್ರ ಹೆಚ್ಚಿಸುವ ಗುಳಿಗೆಗಳಲ್ಲಿ ಹಲವು ಪೊಟ್ಯಾಸಿಯಂ ಅನ್ನು ಇನ್ನಷ್ಟು ಇಳಿಸುತ್ತವೆ. ನಿಮ್ಮ ಗುಳಿಗೆ ಆ ಬಗೆಯದೋ ಅಲ್ಲವೋ ಎಂದು ದಯವಿಟ್ಟು ವಿಚಾರಿಸಿ.

ದಿನಕ್ಕೆ 100 ಮಿಲಿಗ್ರಾಂ ಗ್ಲಿಸಿರೈಜಿನ್‌ವರೆಗೆ ಹೆಚ್ಚಿನ ವಯಸ್ಕರಿಗೆ ತೊಂದರೆಯಾಗದು ಎಂದು ತಜ್ಞರು ಹೇಳುತ್ತಾರಾದರೂ, ರಕ್ತದೊತ್ತಡ ಇರುವವರಿಗೆ ಆ ಮಾತು ಅನ್ವಯಿಸದು. ಮೇಲಾಗಿ ಒಂದು ಬೇರಿನಲ್ಲಿದ್ದಷ್ಟು ಇನ್ನೊಂದರಲ್ಲಿ ಇರುವುದಿಲ್ಲವಾದ್ದರಿಂದ, ಲೋಟದ ಕಷಾಯದಲ್ಲಿ ಎಷ್ಟು ಇಳಿದಿದೆಯೆಂದು ಮನೆಯಲ್ಲಿ ಅಳೆಯಲಾಗದು.

ಆದ್ದರಿಂದ ಕಷಾಯವನ್ನು ಇಂದೇ ನಿಲ್ಲಿಸಿ, ಆದರೆ ಗುಳಿಗೆಯನ್ನು ಮಾತ್ರ ನೀವಾಗಿಯೇ ಬದಲಿಸಬೇಡಿ. ಈ ವಾರವೇ ವೈದ್ಯರನ್ನು ಕಂಡು, ಬೇರಿನ ಪೊಟ್ಟಣವನ್ನೂ ತೋರಿಸಿ, ರಕ್ತದ ಪೊಟ್ಯಾಸಿಯಂ ಪರೀಕ್ಷೆ ಮಾಡಿಸಿ. ಎದೆ ಡವಗುಟ್ಟಿದರೆ ಅಥವಾ ಕೈಕಾಲು ಸೋತರೆ ವಾರದವರೆಗೂ ಕಾಯಬೇಡಿ. ಬಿಟ್ಟ ಮೇಲೂ ಕೆಲವು ವಾರ ಇದರ ಪರಿಣಾಮ ಉಳಿಯಬಹುದು, ಒತ್ತಡ ತಕ್ಷಣ ಇಳಿಯಲಿಲ್ಲವೆಂದು ಗಾಬರಿಯಾಗಬೇಡಿ. ತಂಗಿ ಬಸುರಿಯಾಗಿರುವುದರಿಂದ ಅವಳಿಗೂ ಈ ಕಷಾಯ ಬೇಡವೆಂದು ಅಮ್ಮನಿಗೆ ತಿಳಿಸಿ.

ಪರೀಕ್ಷೆಯ ಫಲಿತಾಂಶ ಬಂದ ದಿನವೇ ನನಗೆ ಕರೆ ಮಾಡಿ; ಇಲ್ಲಿ ನಡುರಾತ್ರಿಯಾಗಿದ್ದರೂ ಚಿಂತೆಯಿಲ್ಲ.

ಇತಿ ನಿಮ್ಮ ಪ್ರೀತಿಯ ಮಗಳು