ನಿರ್ಮಾಣದ ಹೊಣೆ ಹೊರಲಿರುವ ಅನಘಾಳಿಗೆ

ಶಿವಮೊಗ್ಗ

ಚಿ. ಅನಘಾಳಿಗೆ ನಿನ್ನ ದೊಡ್ಡಪ್ಪ ಮಾಡುವ ಆಶೀರ್ವಾದಗಳು. ಇಲ್ಲಿ ನಾವೆಲ್ಲರೂ ಕ್ಷೇಮ. ನಿನ್ನ ದೊಡ್ಡಮ್ಮನ ಮಂಡಿನೋವು ತಹಬಂದಿಗೆ ಬಂದಿದೆ.

ಧಾರಾವಾಹಿಗೆ ಸಂಭಾಷಣೆ ಬರೆಯುತ್ತಿರುವ ನಿನಗೆ ನಿರ್ಮಾಣದ ಹೊಣೆಯನ್ನೂ ವಹಿಸುವ ಮಾತು ನಡೆದಿದೆ ಎಂದು ನಿನ್ನ ಅಪ್ಪ ಹೇಳಿದ. ಲೆಕ್ಕಪತ್ರ, ಕಾಲ್‌ಶೀಟ್‌ಗಳ ಗದ್ದಲದಲ್ಲಿ ಬರವಣಿಗೆ ಸೊರಗುತ್ತದೆ ಎಂದು ನೀನು ಹಿಂದೇಟು ಹಾಕುತ್ತಿದ್ದೀಯಂತೆ. ಹಿಂದೇಟು ಹಾಕಬೇಡ, ಒಪ್ಪಿಕೊ. ಯಾಕೆ ಹೀಗೆನ್ನುತ್ತೇನೆ ಎಂಬುದು ತಿಳಿಯಬೇಕಾದರೆ ಡೇವಿಡ್ ಡಾರ್ಟಾರ್ಟ್ ಎಂಬ ಅಮೆರಿಕದ ಬರಹಗಾರರ ವಿಷಯ ನಿನಗೆ ಗೊತ್ತಿರಬೇಕು.

ಅವರು 1916ರಲ್ಲಿ ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ ಹುಟ್ಟಿದವರು, ಅಪ್ಪಟ ಪೇಟೆಯ ಹುಡುಗ. ಮೊದಲು ಕಾದಂಬರಿ ಬರೆದರು, ಆಮೇಲೆ ಸಿನಿಮಾ ಮತ್ತು ಟಿವಿಗೆ ಬಂದರು. 1957ರಲ್ಲಿ ‘ದ ರೆಸ್ಟ್‌ಲೆಸ್ ಗನ್’ ಎಂಬ ಕೌಬಾಯ್ ಧಾರಾವಾಹಿಯ ನಿರ್ಮಾಪಕರಾದರು. 1959ರ ಸೆಪ್ಟೆಂಬರ್ 12ರಂದು ಅಮೆರಿಕದ ಟಿವಿ ವಾಹಿನಿ ಎನ್‌ಬಿಸಿಯಲ್ಲಿ ಅವರ ‘ಬೊನಾಂಜಾ’ ಆರಂಭವಾಯಿತು. ಅದು 1973ರ ಜನವರಿಯವರೆಗೆ ನಡೆಯಿತು.

ಆಗ ಅಮೆರಿಕದ ಟಿವಿಯಲ್ಲಿ ವೆಸ್ಟರ್ನ್ ಎಂಬ ಕೌಬಾಯ್ ಕಥೆಗಳದೇ ಕಾರುಬಾರು. ಹೆಚ್ಚಿನವುಗಳಲ್ಲಿ ಸೊಂಟಕ್ಕೆ ಪಿಸ್ತೂಲು ಸಿಕ್ಕಿಸಿಕೊಂಡ ಒಂಟಿ ಗಂಡಸು ಊರಿಂದೂರಿಗೆ ಅಲೆಯುತ್ತಿದ್ದ. ಡಾರ್ಟಾರ್ಟ್ ಅದರ ಬದಲು ಒಂದು ಮನೆ ಕಟ್ಟಿದರು. ನೆವಾಡಾದ ವರ್ಜೀನಿಯಾ ಸಿಟಿಯ ಹತ್ತಿರ, ಟಾಹೋ ಸರೋವರದ ಬದಿಯಲ್ಲಿ ಪಾಂಡೆರೋಸಾ ಎಂಬ ದೊಡ್ಡ ಜಮೀನು. ಅಲ್ಲಿ ಬೆನ್ ಕಾರ್ಟ್‌ರೈಟ್ ಎಂಬ ತಂದೆ, ಮೂವರು ಗಂಡುಮಕ್ಕಳು. ಮೂವರಿಗೂ ತಾಯಂದಿರು ಬೇರೆ ಬೇರೆ, ಮೂವರು ತಾಯಂದಿರೂ ತೀರಿಕೊಂಡಿದ್ದಾರೆ. ಈ ಒಂದು ಏರ್ಪಾಟನ್ನು ಗಮನಿಸು. ಹಿರಿಯವನು ಓದಿನವನು, ನಡುವಿನವನು ಆನೆಯಂಥ ಮೈಯ ಮೃದು ಹೃದಯದವನು, ಕಿರಿಯವನು ಮುಂಗೋಪಿ. ಹೊರಗಿನಿಂದ ಖಳನಾಯಕ ಬಾರದಿದ್ದರೂ ಊಟದ ಮೇಜಿನಲ್ಲೇ ಕಥೆ ಹುಟ್ಟುತ್ತದೆ. ನೀನು ಮುಂದಿನ ವಾರದ ತಿರುವಿಗಾಗಿ ತಲೆ ಕೆಡಿಸಿಕೊಳ್ಳುವುದಕ್ಕಿಂತ ಮನೆಯವರ ಸ್ವಭಾವಗಳನ್ನು ಮೊದಲು ಗಟ್ಟಿ ಮಾಡಿಕೊ.

ಆ ಮನೆಗೆ ಹೆಸರಾಂತ ತಾರೆಯರು ಬೇಡ ಎಂದು ಅವರು ಪಟ್ಟು ಹಿಡಿದರು. ಬೆನ್ ಪಾತ್ರದ ಲಾರ್ನ್ ಗ್ರೀನ್ ಕೆನಡಾದ ರೇಡಿಯೋದಲ್ಲಿ ವಾರ್ತೆ ಓದುತ್ತಿದ್ದವರು. ನಡುವಿನ ಮಗನ ಪಾತ್ರದ ಡ್ಯಾನ್ ಬ್ಲಾಕರ್, ಕಿರಿಯವನ ಪಾತ್ರದ ಮೈಕೆಲ್ ಲ್ಯಾಂಡನ್ ಇಬ್ಬರೂ ‘ರೆಸ್ಟ್‌ಲೆಸ್ ಗನ್’ನಲ್ಲಿ ಬಂದುಹೋದವರು. ಡಾರ್ಟಾರ್ಟ್ ಬರೀ ಬರಹಗಾರರಾಗಿದ್ದರೆ ಅವರ ಈ ಮಾತನ್ನು ಯಾರು ಕೇಳುತ್ತಿದ್ದರು? ನಿರ್ಮಾಪಕರ ಕುರ್ಚಿಯಲ್ಲಿದ್ದುದರಿಂದಲೇ ಅವರು ಬರೆದ ಬೆನ್ ತೆರೆಯ ಮೇಲೂ ಅದೇ ಬೆನ್ ಆಗಿ ಉಳಿದ. ನೀನು ಬರೆದ ಅಜ್ಜಿಯ ಪಾತ್ರಕ್ಕೆ ಮೈತುಂಬ ಒಡವೆ ಹೇರಿ ಹಾಳು ಮಾಡಿದರು ಎಂದು ಕಳೆದ ಯುಗಾದಿಗೆ ಬಂದಾಗ ಕಣ್ಣೀರು ಹಾಕಿದೆಯಲ್ಲ, ಅದಕ್ಕೇ ಇಷ್ಟು ಹೇಳುತ್ತಿದ್ದೇನೆ.

ಹಣದ ಲೆಕ್ಕ ಬರವಣಿಗೆಗೆ ಹಗೆ ಎಂದುಕೊಳ್ಳಬೇಡ. ಎನ್‌ಬಿಸಿಯ ಒಡೆತನ ಆರ್‌ಸಿಎ ಕಂಪನಿಯದಾಗಿತ್ತು. ಅದು ಬಣ್ಣದ ಟಿವಿ ಮಾರುತ್ತಿತ್ತು, ‘ಬೊನಾಂಜಾ’ ಮೊದಲಿನಿಂದಲೂ ಬಣ್ಣದಲ್ಲಿತ್ತು. ಶನಿವಾರ ಸಂಜೆ ‘ಪೆರ‍್ರಿ ಮೇಸನ್’ ಎಂಬ ಎದುರಾಳಿ ವಾಹಿನಿಯ ಧಾರಾವಾಹಿಯ ಎದುರು ಅದಕ್ಕೆ ಸಾಕಷ್ಟು ನೋಡುಗರು ಸಿಗದಿದ್ದಾಗಲೂ ಅದನ್ನು ಉಳಿಸಿದ್ದು ಟಾಹೋ ಸರೋವರದ ನೀಲಿ. 1961ರಲ್ಲಿ ಭಾನುವಾರ ರಾತ್ರಿಗೆ ಬದಲಾಯಿತು. 1964ರಿಂದ ಸತತ ಮೂರು ಸೀಸನ್ ಅದೇ ಮೊದಲ ಸ್ಥಾನದಲ್ಲಿತ್ತು. ವಾಹಿನಿಯವರಿಗೆ ನಿನ್ನಿಂದ ಆಗಬೇಕಾದ್ದು ನಿಜಕ್ಕೂ ಏನು ಎಂದು ಮೊದಲು ತಿಳಿದುಕೊ. ಅದನ್ನು ಕೊಟ್ಟರೆ ನಿನ್ನ ಕಥೆ ಬೇರು ಬಿಡಲು ಸಮಯ ಸಿಗುತ್ತದೆ.

ಉಡುಪಿನ ವಿಚಾರವನ್ನೇ ನೋಡು. ಕೆಲವು ಸೀಸನ್ ಕಳೆಯುವಷ್ಟರಲ್ಲಿ ಕಾರ್ಟ್‌ರೈಟರು ಕಂತಿನಿಂದ ಕಂತಿಗೆ ಒಂದೇ ಬಟ್ಟೆಯಲ್ಲಿ ಕಾಣಿಸತೊಡಗಿದರು: ಬೆನ್‌ಗೆ ಕಂದು ತೊಗಲಿನ ವೇಸ್ಟ್‌ಕೋಟು, ಹಿರಿಯವನಿಗೆ ಕಪ್ಪು, ಕಿರಿಯವನಿಗೆ ಹಸಿರು ಜಾಕೆಟ್ಟು. ಹಿಂದೆ ಚಿತ್ರೀಕರಿಸಿದ ಕುದುರೆ ಸವಾರಿಯ ದೃಶ್ಯಗಳನ್ನು ಹೊಸ ಕಂತಿನಲ್ಲಿ ಸೇರಿಸಿದರೂ ಯಾರಿಗೂ ಗೊತ್ತಾಗದು. ಖರ್ಚೂ ಉಳಿಯಿತು, ದೂರದಿಂದ ನೋಡಿದರೂ ಯಾರು ಬರುತ್ತಿದ್ದಾರೆಂದು ಮಕ್ಕಳಿಗೂ ತಿಳಿಯಿತು.

ಇತಿಹಾಸವನ್ನೂ ಅವರು ಕಡೆಗಣಿಸಲಿಲ್ಲ. 1859ರಲ್ಲಿ ಸುದ್ದಿಯಾದ, ಅದೇ ವರ್ಜೀನಿಯಾ ಸಿಟಿಯ ಕಾಮ್‌ಸ್ಟಾಕ್ ಬೆಳ್ಳಿ ಗಣಿಗಳಲ್ಲಿ ಸುರಂಗ ಕುಸಿದು ಜನ ಸಾಯುತ್ತಿದ್ದರು. ಫಿಲಿಪ್ ಡೈಡಸ್‌ಹೈಮರ್ ಎಂಬ ಎಂಜಿನಿಯರ್ ದಪ್ಪ ತೊಲೆಗಳನ್ನು ಚೌಕಟ್ಟುಗಳಾಗಿ ಜೋಡಿಸಿ ಸುರಂಗಕ್ಕೆ ಆಸರೆ ಕೊಟ್ಟರು. ಮೊದಲ ಸೀಸನ್‌ನ ಒಂದು ಕಂತು ಪೂರ್ತಿ ಅವರದೇ ಕಥೆ. ಗಣಿಯ ಮರಮುಟ್ಟಿನ ಮೇಲೂ ಮನೆಮಂದಿ ಕೂತು ನೋಡುವ ಕಥೆ ಮಾಡಬಹುದು ಎಂಬ ಧೈರ್ಯ ನನಗೆ ಬಹಳ ಇಷ್ಟ.

ಆದರೆ ಅಲ್ಲಿನ ಎಲ್ಲವನ್ನೂ ಅನುಸರಿಸಬೇಡ. ಕಾರ್ಟ್‌ರೈಟರನ್ನು ಪ್ರೀತಿಸಿದ ಹೆಣ್ಣು ಆ ಮನೆಯಲ್ಲಿ ಉಳಿಯುವುದೇ ಅಪರೂಪ. ಒಂದೋ ಸಾಯುತ್ತಾಳೆ, ಇಲ್ಲವೇ ಊರು ಬಿಡುತ್ತಾಳೆ. ಚೀನೀ ಅಡುಗೆಯವ ಹಾಪ್ ಸಿಂಗ್‌ನ ಬಾಯಲ್ಲಿ ಮುರುಕು ಇಂಗ್ಲಿಷ್ ಇಟ್ಟು ನಗಿಸಿದರು. ಅದು ನನಗೆ ನೋವಿನ ವಿಷಯ. 1967ರಲ್ಲಿ ಶುರುಮಾಡಿದ ‘ದ ಹೈ ಚಾಪರಲ್’ನಲ್ಲಿ ಡಾರ್ಟಾರ್ಟ್ ಬೇರೆ ದಾರಿ ತುಳಿದರು. ಅರಿಜೋನಾದ ಆ ಕಥೆಯಲ್ಲಿ ಮೆಕ್ಸಿಕೋದ ಮಾಂಟೋಯಾ ಮನೆತನ ಬಿಳಿಯರ ಮನೆಗೆ ಸರಿಸಮವಾಗಿ ನಿಲ್ಲುತ್ತದೆ. ಮದುವೆಯಾಗಿ ಬರುವ ವಿಕ್ಟೋರಿಯಾ ಆ ಮನೆಯ ಒಡತಿ, ಯಾರ ಮಾತಿಗೂ ಕುಗ್ಗುವವಳಲ್ಲ. ಹೆಸರು ‘ಬೊನಾಂಜಾ’ದ್ದೇ ದೊಡ್ಡದಾದರೂ ಬರವಣಿಗೆಯ ಪ್ರಾಮಾಣಿಕತೆಯಲ್ಲಿ ಇದೇ ಮೇಲು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಇನ್ನೊಂದು ಮಾತು, ಇದು ಮುಖ್ಯ. ನಿನ್ನ ಸೆಟ್ಟಿನಲ್ಲಿ ಬೇರೆಯವರಿಗೂ ಬರೆಯಲು ಬಿಡು. ಕಿರಿಯ ಮಗನ ಪಾತ್ರ ಮಾಡುತ್ತಿದ್ದ ಲ್ಯಾಂಡನ್‌ಗೆ ಡಾರ್ಟಾರ್ಟ್ ಅದಕ್ಕೆ ಅವಕಾಶ ಕೊಟ್ಟರು, ಬರಬರುತ್ತಾ ನಿರ್ದೇಶನಕ್ಕೂ. 1972ರ ಮೇ ತಿಂಗಳಲ್ಲಿ ಬ್ಲಾಕರ್ ಹಠಾತ್ತನೆ ತೀರಿಕೊಂಡಾಗ, ಅವರ ಪಾತ್ರದ ಮದುವೆಗೆಂದು ಬರೆದಿದ್ದ ಕಥೆಯನ್ನು ಲ್ಯಾಂಡನ್ ತಮ್ಮ ಪಾತ್ರಕ್ಕೆ ತಿದ್ದಿ ಬರೆದು ತಾವೇ ನಿರ್ದೇಶಿಸಿದರು. ಆ ಸೀಸನ್ ಶುರುವಾದದ್ದು ಅದರಿಂದಲೇ. ಮುಂದೆ ಅವರೂ ಹೆಸರಾಂತ ನಿರ್ಮಾಪಕರಾದರು. ನಿನ್ನ ಕೈಕೆಳಗೆ ಸಹಾಯಕಿಯಾಗಿರುವ ಹುಡುಗಿ ಚೆನ್ನಾಗಿ ಬರೆಯುತ್ತಾಳೆ ಎಂದಿದ್ದೆ. ಅವಳಿಗೊಂದು ಕಂತು ಕೊಡು, ಅವಳ ಹೆಸರನ್ನು ತೆರೆಯ ಮೇಲೆ ಹಾಕಿಸು.

ಸಹಿ ಹಾಕುವ ಮುನ್ನ ನಟರ ಆಯ್ಕೆಯಲ್ಲೂ ಕಥೆಯ ಬದಲಾವಣೆಯಲ್ಲೂ ನಿನ್ನ ಒಪ್ಪಿಗೆ ಬೇಕೆಂಬುದನ್ನು ಕರಾರಿನಲ್ಲಿ ಬರೆಸಿಕೊ. ಬಾಯಿಮಾತಿಗೆ ಒಪ್ಪಬೇಡ. ಕರಡು ಕೈಗೆ ಬಂದ ಕೂಡಲೇ ನನಗೊಂದು ಪ್ರತಿ ಕಳುಹಿಸು. ನಮ್ಮ ಬೀದಿಯ ವಕೀಲರಿಗೆ ತೋರಿಸಿ ತಿಳಿಸುತ್ತೇನೆ.

ಇತಿ,
ನಿನ್ನ ದೊಡ್ಡಪ್ಪ